ವನರಾಜ್ ಭಾಟಿಯಾ: ಜಾಹೀರಾತು, ಸಿನಿಮಾ, ದೂರದರ್ಶನಗಳ ಸಂಗೀತಕಾರ

ಭಾಟಿಯಾ, ವನರಾಜ್ (31 ಮೇ 1927 – 7 ಮೇ 2021). ಹಿಂದಿಯ ಹೊಸ ಅಲೆಯ ಸಿನಿಮಾಕ್ಕೂ ದೂರದರ್ಶನದ ಮೊದಲ ದೊಡ್ಡ ಧಾರಾವಾಹಿಗಳಿಗೂ ಸಂಗೀತ ಕೊಟ್ಟವರು. ಶ್ಯಾಮ್ ಬೆನಗಲ್ ಅವರ ‘ಅಂಕುರ್’ (1974), ‘ಮಂಥನ್’ (1976), ‘ಭೂಮಿಕಾ’ (1977) ಚಿತ್ರಗಳು, ಗೋವಿಂದ ನಿಹಲಾನಿಯವರ ‘ತಮಸ್’ (1988), 53 ಕಂತುಗಳ ‘ಭಾರತ್ ಏಕ್ ಖೋಜ್’ (1988–89) ಇವರ ಮುಖ್ಯ ಕೃತಿಗಳು. ‘ತಮಸ್’ ಸಂಗೀತಕ್ಕೆ ರಾಷ್ಟ್ರಪ್ರಶಸ್ತಿ, 1989ರಲ್ಲಿ ಸೃಜನಶೀಲ ಮತ್ತು ಪ್ರಾಯೋಗಿಕ ಸಂಗೀತಕ್ಕಾಗಿ ಸಂಗೀತ ನಾಟಕ ಅಕಾಡೆಮಿಯ ಪ್ರಶಸ್ತಿ, 2012ರಲ್ಲಿ ಪದ್ಮಶ್ರೀ ಬಂದವು.

ಸಿನಿಮಾ ಸಂಗೀತಗಾರರ ಸಾಲಿನಲ್ಲಿ ಅವರನ್ನು ನಿಲ್ಲಿಸುವುದು ಸುಲಭವಲ್ಲ. ಜನ ಗುನುಗುವ ಅವರ ಹಾಡುಗಳು ಬೆರಳೆಣಿಕೆಯಷ್ಟು. ಲಂಡನ್ ಮತ್ತು ಪ್ಯಾರಿಸ್‌ಗಳಲ್ಲಿ ಯುರೋಪಿನ ಶಾಸ್ತ್ರೀಯ ಸಂಗೀತರಚನೆಯನ್ನು ಎಂಟು-ಒಂಬತ್ತು ವರ್ಷ ಓದಿ ಬಂದವರಿಗೆ ಬೇಕಾಗಿದ್ದದ್ದು ಕಛೇರಿಯ ವೇದಿಕೆ, ದೊಡ್ಡ ವಾದ್ಯವೃಂದ, ಕಿವಿಗೊಟ್ಟು ಕೂರುವ ಶ್ರೋತೃಗಳು. 1959ರ ಭಾರತದಲ್ಲಿ ಆ ಮೂರೂ ಇರಲಿಲ್ಲವೆಂದೇ ಹೇಳಬೇಕು. ಇದ್ದದ್ದು ಸೀರೆ, ಸೋಪು, ಬಣ್ಣ ಮಾರುವ ಕಂಪನಿಗಳು. ಆಮೇಲೆ ಹಾಡು-ಕುಣಿತ ಒಲ್ಲೆನೆನ್ನುವ ಒಂದಷ್ಟು ನಿರ್ದೇಶಕರು. ಅದಾದ ಮೇಲೆ ಸರ್ಕಾರದ ಒಂದೇ ಒಂದು ಟಿ.ವಿ. ವಾಹಿನಿ. ಈ ಮೂರು ಕಡೆ ಸಿಕ್ಕ ಕೆಲಸವನ್ನು ಅವರು ಕಛೇರಿಯ ಕೆಲಸದಷ್ಟೇ ಬಿಗಿಯಾಗಿ ಮಾಡಿದರು. ಅವರು ಬರೆದದ್ದರಲ್ಲಿ ಉಳಿಯುವಂಥದ್ದು ಹುಟ್ಟಿದ್ದೂ ಅಲ್ಲೇ, ವೇದಿಕೆಗೆಂದು ಬರೆದ ಕೃತಿಗಳಲ್ಲಿ ಅಲ್ಲ ಎಂಬುದು ಈ ಲೇಖಕನ ಅಭಿಪ್ರಾಯ. ಅವರೇ ಅದನ್ನು ಒಪ್ಪುತ್ತಿದ್ದರೋ ಇಲ್ಲವೋ ಬೇರೆ ಮಾತು.

ಕಲಿಕೆ

ಹುಟ್ಟಿದ್ದು ಮುಂಬೈಯ ಗುಜರಾತಿ ಕುಟುಂಬವೊಂದರಲ್ಲಿ. ನ್ಯೂ ಎರಾ ಶಾಲೆಯಲ್ಲಿ ಓದುವಾಗ ಹಿಂದೂಸ್ತಾನಿ ಸಂಗೀತದ ಪಾಠವಾಯಿತು. ಹದಿಹರೆಯದಲ್ಲಿ ಚೈಕೋವ್‌ಸ್ಕಿಯ ಮೊದಲ ಪಿಯಾನೋ ಕಾಂಚೆರ್ಟೋ ಕೇಳಿದ್ದೇ ಹುಡುಗನ ದಿಕ್ಕು ಬದಲಾಯಿತು. ಡಾ. ಮಾಣೆಕ್ ಭಗತ್ ಎಂಬವರ ಬಳಿ ನಾಲ್ಕು ವರ್ಷ ಪಿಯಾನೋ ಕಲಿತರು. ಜೊತೆಗೆ ಎಲ್ಫಿನ್‌ಸ್ಟನ್ ಕಾಲೇಜಿನಲ್ಲಿ ಇಂಗ್ಲಿಷ್ ಸಾಹಿತ್ಯ ಓದಿ 1949ರಲ್ಲಿ ಎಂ.ಎ. ಮುಗಿಸಿದರು. ಪದ್ಯದ ಛಂದಸ್ಸನ್ನು ಅಕ್ಷರ ಅಕ್ಷರವಾಗಿ ಎಣಿಸುವ ಅಭ್ಯಾಸ ಅಲ್ಲಿಂದಲೇ ಬಂದಿರಬೇಕು. ಮುಂದೆ ಉರ್ದು ಕವಿಗಳಾದ ಮೀರ್, ಬಹದ್ದೂರ್ ಷಾ ಜಫರ್ ಇರಲಿ, ಋಗ್ವೇದವಿರಲಿ, ಯಾವುದನ್ನು ಕೈಗೆತ್ತಿಕೊಂಡರೂ ಅವರ ರಾಗಸಂಯೋಜನೆ ಮಾತಿನ ನಡೆಯನ್ನು ಮುರಿಯಲಿಲ್ಲ.

ಲಂಡನ್ನಿನ ರಾಯಲ್ ಅಕಾಡೆಮಿ ಆಫ್ ಮ್ಯೂಸಿಕ್‌ನಲ್ಲಿ ಅವರಿಗೆ ಪಾಠ ಹೇಳಿದವರು ಹೊವರ್ಡ್ ಫರ್ಗ್ಯುಸನ್, ಆಲನ್ ಬುಷ್ ಮತ್ತು ವಿಲಿಯಂ ಆಲ್ವಿನ್. ಮೂರನೆಯ ಹೆಸರನ್ನು ಗಮನಿಸಬೇಕು. ಆಲ್ವಿನ್ ಸಿಂಫನಿಗಳನ್ನು ಬರೆದವರು. ಕ್ಯಾರಲ್ ರೀಡ್ ನಿರ್ದೇಶನದ ‘ಆಡ್ ಮ್ಯಾನ್ ಔಟ್’ (1947) ಸೇರಿದಂತೆ ಹಲವಾರು ಬ್ರಿಟಿಷ್ ಚಿತ್ರಗಳಿಗೆ ಸಂಗೀತ ಕೊಟ್ಟವರೂ ಹೌದು. ಒಬ್ಬನೇ ಮನುಷ್ಯ ಸಿಂಫನಿಯನ್ನೂ ಸಿನಿಮಾವನ್ನೂ ಬರೆಯಬಹುದು, ಅದರಲ್ಲಿ ಕೀಳುಮೇಲೆಂಬುದಿಲ್ಲ ಎನ್ನುವುದಕ್ಕೆ ಭಾಟಿಯಾ ಅವರ ಕಣ್ಣೆದುರೇ ಉದಾಹರಣೆ ಇತ್ತು. 1954ರಲ್ಲಿ ಅಲ್ಲಿನ ಓದು ಮುಗಿಸಿ, ರಾಕ್‌ಫೆಲರ್ ವಿದ್ಯಾರ್ಥಿವೇತನದ ಮೇಲೆ, ಬಳಿಕ ಫ್ರೆಂಚ್ ಸರ್ಕಾರದ ನೆರವಿನಿಂದ, ಪ್ಯಾರಿಸ್ಸಿನಲ್ಲಿ ನಾದಿಯಾ ಬೂಲಾಂಜೆ ಅವರ ಶಿಷ್ಯರಾದರು.

ಬೂಲಾಂಜೆ ಇಪ್ಪತ್ತನೆಯ ಶತಮಾನದ ಬಹುದೊಡ್ಡ ಸಂಗೀತ ಗುರು. ಅಮೆರಿಕದ ಆರನ್ ಕೋಪ್ಲಂಡ್, ಕ್ವಿನ್ಸಿ ಜೋನ್ಸ್, ಫಿಲಿಪ್ ಗ್ಲಾಸ್, ಅರ್ಜೆಂಟೀನಾದ ಆಸ್ತರ್ ಪಿಯಾಝೋಲಾ, ಫ್ರಾನ್ಸಿನ ಮಿಶೆಲ್ ಲೆಗ್ರಾಂ ಇವರೆಲ್ಲ ಅವರ ಬಳಿ ಕಲಿತವರು. ಆಕೆ ಯಾವ ಶೈಲಿಯನ್ನೂ ಹೇರಲಿಲ್ಲ. ಹಾರ್ಮನಿ, ಕೌಂಟರ್‌ಪಾಯಿಂಟ್, ಸ್ವರಜ್ಞಾನ ಇವುಗಳಲ್ಲಿ ಮಾತ್ರ ಒಂದು ಕೂದಲೆಳೆಯ ತಪ್ಪನ್ನೂ ಬಿಡುತ್ತಿರಲಿಲ್ಲ. ಟ್ಯಾಂಗೋ ಬಿಟ್ಟು ಯುರೋಪಿಯನ್ ಸಂಗೀತಗಾರನಾಗಲು ಬಂದಿದ್ದ ಪಿಯಾಝೋಲಾಗೆ, ನಿನ್ನ ದನಿ ಟ್ಯಾಂಗೋದಲ್ಲೇ ಇದೆ ಎಂದು ಹೇಳಿ ಕಳಿಸಿದ್ದು ಪ್ರಸಿದ್ಧ ಪ್ರಸಂಗ. ಆ ಮನೆಯಿಂದ ಹೊರಬಂದವರಲ್ಲಿ ಸಿನಿಮಾ, ಜಾಸ್, ಟ್ಯಾಂಗೋ ಕಡೆಗೆ ಹೋದವರೇ ಅಷ್ಟೊಂದು ಮಂದಿ ಇರುವುದು ಆಕಸ್ಮಿಕವಲ್ಲ. ಕುಸುರಿ ಕೈಗೆ ಹತ್ತಿದ ಮೇಲೆ ಅದನ್ನು ಎಲ್ಲಿ ಬೇಕಾದರೂ ಹಚ್ಚಬಹುದು.

ಭಾರತಕ್ಕೆ ಮರಳಿದ್ದು 1959ರಲ್ಲಿ. ದೆಹಲಿ ವಿಶ್ವವಿದ್ಯಾಲಯದಲ್ಲಿ 1960ರಿಂದ 65ರವರೆಗೆ ಪಾಶ್ಚಾತ್ಯ ಸಂಗೀತಶಾಸ್ತ್ರದ ರೀಡರ್ ಆಗಿದ್ದರು. ಆಮೇಲೆ ನೆಲೆ ನಿಂತದ್ದು ಮುಂಬೈಯಲ್ಲೇ.

ಅರ್ಧ ನಿಮಿಷದ ಸಂಗೀತ

ಭಾರತದಲ್ಲಿ ಜಾಹೀರಾತು ಚಿತ್ರಕ್ಕೆಂದೇ ಸಂಗೀತ ರಚಿಸಿದ ಮೊದಲಿಗರೆಂದು ಭಾಟಿಯಾ ಅವರನ್ನು ಗುರುತಿಸುತ್ತಾರೆ. ಶಕ್ತಿ ಸಿಲ್ಕ್ ಸೀರೆಗಳ ಜಾಹೀರಾತು ಅದು. ಲಿರಿಲ್, ಗಾರ್ಡನ್ ವರೇಲಿ, ಡ್ಯೂಲಕ್ಸ್ ಮುಂತಾದವುಗಳಿಗೆ ಅವರು ಕಟ್ಟಿದ ಧಾಟಿಗಳು ಎರಡು ತಲೆಮಾರಿನ ಕಿವಿಯಲ್ಲಿ ಕೂತಿವೆ. 1970ರ ದಶಕದ ಲಿರಿಲ್ ಜಾಹೀರಾತನ್ನು ನೆನೆದರೆ ಜಲಪಾತದ ಕೆಳಗಿನ ಹುಡುಗಿ ಕಣ್ಣಿಗೆ ಬರುವ ಮುಂಚೆ ಆ ಮಾತಿಲ್ಲದ ಗುನುಗು ಕಿವಿಗೆ ಬರುತ್ತದೆ. ಒಟ್ಟು ಏಳು ಸಾವಿರಕ್ಕೂ ಹೆಚ್ಚು ಜಿಂಗಲ್‌ಗಳನ್ನು ಮಾಡಿದರೆನ್ನುತ್ತಾರೆ. ಆ ಲೆಕ್ಕವನ್ನು ಅರ್ಧಕ್ಕಿಳಿಸಿದರೂ ಅದು ಒಬ್ಬ ಮನುಷ್ಯನ ಪಾಲಿಗೆ ಅಪಾರವೇ.

ಈ ದುಡಿಮೆಯನ್ನು ಹೊಟ್ಟೆಪಾಡು ಎಂದು ತಳ್ಳಿಹಾಕುವುದು ರೂಢಿ. ಆದರೆ ಅವರ ಸಿನಿಮಾ ಸಂಗೀತ ಅರ್ಥವಾಗಬೇಕಾದರೆ ಇಲ್ಲಿಂದಲೇ ಶುರುಮಾಡಬೇಕು. 35 ಮಿ.ಮೀ. ಫಿಲ್ಮು ಸೆಕೆಂಡಿಗೆ 24 ಚೌಕಟ್ಟಿನಂತೆ ಓಡುವಾಗ ನಿಮಿಷಕ್ಕೆ 90 ಅಡಿ ಸರಿಯುತ್ತದೆ. ಅರ್ಧ ನಿಮಿಷದ ಜಾಹೀರಾತೆಂದರೆ 45 ಅಡಿ. ಅಷ್ಟರಲ್ಲಿ ಒಂದು ಎತ್ತುಗಡೆ, ಒಂದು ತಿರುವು, ಸರಕಿನ ಹೆಸರು ಬರುವ ಹೊತ್ತಿಗೆ ಸರಿಯಾಗಿ ಒಂದು ಮುಕ್ತಾಯ ಬೇಕು. ಕಾಲು ಸೆಕೆಂಡು ಹೆಚ್ಚಾದರೂ ಕತ್ತರಿ ಬೀಳುತ್ತದೆ. ಆಲಾಪದ ವಿಸ್ತಾರಕ್ಕೆ ಒಗ್ಗಿದ ನಮ್ಮ ಸಂಗೀತಗಾರರಿಗೆ ಇದು ಉಸಿರು ಕಟ್ಟಿಸುವ ಜಾಗ. ಫ್ಯೂಗ್ ಎಂಬ ಪಾಶ್ಚಾತ್ಯ ಬಹುದನಿ ರಚನೆ ಬರೆದು ಅಭ್ಯಾಸವಿದ್ದವರಿಗೆ ಹಾಗಲ್ಲ. ಕೆಲವೇ ಸ್ವರಗಳ ಒಂದು ತುಣುಕಿನಿಂದಲೇ ಇಡೀ ಕಟ್ಟಡ ಎಬ್ಬಿಸುವುದು ಫ್ಯೂಗಿನ ಮೊದಲ ಪಾಠ.

ಇನ್ನೊಂದು ಸಂಗತಿಯೂ ಇದೆ. ಆಗಿನ ಹಿಂದಿ ಸಿನಿಮಾದಲ್ಲಿ ಸಂಗೀತ ನಿರ್ದೇಶಕ ಹಾರ್ಮೋನಿಯಂ ಮೇಲೆ ರಾಗ ಕಟ್ಟುತ್ತಿದ್ದ. ಅದನ್ನು ಪಿಟೀಲು, ಸೆಲ್ಲೋ, ಟ್ರಂಪೆಟ್‌ಗಳಿಗೆ ಹಂಚಿ ಸ್ಟಾಫ್ ನೊಟೇಶನ್ನಿನಲ್ಲಿ ಬರೆದುಕೊಡುತ್ತಿದ್ದವರು ಸೆಬಾಸ್ಟಿಯನ್ ಡಿಸೋಜಾ, ಆಂಥನಿ ಗೊನ್ಸಾಲ್ವಿಸ್ ಅವರಂಥ ಗೋವಾ ಮೂಲದ ಅರೇಂಜರುಗಳು. ತೆರೆಯ ಮೇಲೆ ಅವರ ಹೆಸರು ಬಂದರೆ ಸಣ್ಣ ಅಕ್ಷರದಲ್ಲಿ, ಇಲ್ಲವಾದರೆ ಇಲ್ಲವೇ ಇಲ್ಲ. ಭಾಟಿಯಾ ಅವರಿಗೆ ಈ ಏರ್ಪಾಟು ಬೇಕಿರಲಿಲ್ಲ. ರಾಗವೂ ಅವರದೇ, ಪ್ರತಿ ವಾದ್ಯದ ಪ್ರತಿ ಸಾಲೂ ಅವರದೇ. ಚಿಕ್ಕ ಬಜೆಟ್ಟಿನ ಚಿತ್ರಗಳಿಗೆ ಇದರಿಂದ ಎಷ್ಟು ಅನುಕೂಲವಾಯಿತೆಂದು ಬೇರೆ ಹೇಳಬೇಕಾಗಿಲ್ಲ. ಏಳೆಂಟು ವಾದ್ಯಗಳಲ್ಲೇ ತುಂಬಿದ ನಾದ ತೆಗೆಯಬಲ್ಲವರು ಬೇಕಾಗಿದ್ದ ಕಾಲ ಅದು.

ಬೆನಗಲ್ ಚಿತ್ರಗಳು

ಶ್ಯಾಮ್ ಬೆನಗಲ್ ಕೂಡ ಜಾಹೀರಾತಿನ ಜಗತ್ತಿನಿಂದಲೇ ಬಂದವರು. ‘ಅಂಕುರ್’ ನಿರ್ಮಿಸಿದ ಬ್ಲೇಜ್ ಸಂಸ್ಥೆಯ ಕಸುಬೇ ಚಿತ್ರಮಂದಿರಗಳಿಗೆ ಜಾಹೀರಾತು ಚಿತ್ರಗಳನ್ನು ಹಂಚುವುದು. ಹೀಗೆ ಹೊಸ ಅಲೆಯ ಬೇರು ಸೋಪಿನ ನೊರೆಯಲ್ಲಿತ್ತೆಂದು ತಮಾಷೆಗೆ ಹೇಳಬಹುದು. ನಿರ್ದೇಶಕ, ಛಾಯಾಗ್ರಾಹಕ, ಸಂಗೀತಗಾರ ಮೂವರಿಗೂ ಸಮಯದ ಶಿಸ್ತನ್ನು ಕಲಿಸಿದ್ದು ಆ ಕಸುಬೇ.

‘ಅಂಕುರ್’ ಭಾಟಿಯಾ ಅವರ ಮೊದಲ ಕಥಾಚಿತ್ರ. ತೆಲಂಗಾಣದ ಹಳ್ಳಿಯೊಂದರ ಜಮೀನ್ದಾರನ ಮಗನ ಪಾತ್ರದಲ್ಲಿ ನಮ್ಮ ಅನಂತ್ ನಾಗ್ ಹಿಂದಿಗೆ ಕಾಲಿಟ್ಟದ್ದು ಈ ಚಿತ್ರದಲ್ಲೇ. ಇಲ್ಲಿ ಸಂಗೀತ ತೀರ ಮಿತ. ಗಾಳಿ, ಹಕ್ಕಿ, ಗದ್ದೆಯ ಸದ್ದುಗಳಿಗೆ ಜಾಗ ಬಿಟ್ಟು ಸಂಗೀತ ಹಿಂದೆ ಸರಿದಿದೆ. ಹಿನ್ನೆಲೆ ಸಂಗೀತವೆಂದರೆ ಖಾಲಿ ಜಾಗವನ್ನೆಲ್ಲ ಪಿಟೀಲಿನಿಂದ ತುಂಬುವುದೆಂದು ನಂಬಿದ್ದ ಕಾಲದಲ್ಲಿ ಇದೊಂದು ಧೈರ್ಯ.

‘ಮಂಥನ್’ ಕಥೆ ಬೇರೆ. ಗುಜರಾತಿನ ಐದು ಲಕ್ಷ ಹಾಲು ಉತ್ಪಾದಕರು ತಲಾ ಎರಡು ರೂಪಾಯಿ ಕೊಟ್ಟು ನಿರ್ಮಿಸಿದ ಚಿತ್ರವದು. ಗಿರೀಶ್ ಕಾರ್ನಾಡ್, ಸ್ಮಿತಾ ಪಾಟೀಲ್, ಅನಂತ್ ನಾಗ್ ನಟಿಸಿದ್ದಾರೆ. ಕಾಠಿಯಾವಾಡದ ಜಾನಪದ ಧಾಟಿಯಲ್ಲಿ ತನ್ನೂರನ್ನು ನೆನೆಯುವ ಹೆಣ್ಣುದನಿಯ ಒಂದೇ ಹಾಡು ಚಿತ್ರದುದ್ದಕ್ಕೂ ಮತ್ತೆ ಮತ್ತೆ ಬರುತ್ತದೆ. ಹಾಡಿದವರು ಪ್ರೀತಿ ಸಾಗರ್. ಅವರಿಗೆ ಇದಕ್ಕೆ ಫಿಲ್ಮ್‌ಫೇರ್ ಪ್ರಶಸ್ತಿ ಬಂತು. ಅದೇ ಧಾಟಿಯನ್ನು ಮುಂದೆ ಅಮುಲ್ ತನ್ನ ಜಾಹೀರಾತಿಗೆ ಬಳಸಿತು. ಜಿಂಗಲ್‌ನಿಂದ ಸಿನಿಮಾಕ್ಕೆ ಬಂದ ಸಂಗೀತಗಾರನ ಸಿನಿಮಾ ಹಾಡೇ ಜಿಂಗಲ್ ಆಯಿತು. ಇದರಲ್ಲಿ ವ್ಯಂಗ್ಯ ಹುಡುಕುವ ಅಗತ್ಯವಿಲ್ಲ. ಎರಡು ಸಾಲಿನಲ್ಲಿ ಒಂದು ಊರನ್ನೇ ಕಣ್ಣಿಗೆ ತರುವ ಧಾಟಿ ಎಲ್ಲಿಟ್ಟರೂ ಕೆಲಸ ಮಾಡುತ್ತದೆ. ಜೀರ್ಣೋದ್ಧಾರಗೊಂಡ ‘ಮಂಥನ್’ ಪ್ರತಿ 2024ರಲ್ಲಿ ಕಾನ್ ಚಿತ್ರೋತ್ಸವದಲ್ಲಿ ಪ್ರದರ್ಶನ ಕಂಡಿತು.

ಹಾಡುಗಳ ದೃಷ್ಟಿಯಿಂದ ಅವರ ಅತ್ಯುತ್ತಮ ಚಿತ್ರ ‘ಭೂಮಿಕಾ’. ಮರಾಠಿ ನಟಿ ಹಂಸಾ ವಾಡಕರ್ ಅವರ ಆತ್ಮಕಥೆಯನ್ನು ಆಧರಿಸಿದ ಈ ಚಿತ್ರದ ನಾಯಕಿಯೇ ಸಿನಿಮಾ ನಟಿ. ಹಾಗಾಗಿ ಮೂವತ್ತರ ದಶಕದಿಂದ ಐವತ್ತರ ದಶಕದವರೆಗಿನ ಚಿತ್ರಗೀತೆಗಳು, ಆಯಾ ಕಾಲದ್ದೇ ಎಂದು ನಂಬುವ ಹಾಗೆ ಹೊಸದಾಗಿ ಹುಟ್ಟಬೇಕಾಗಿತ್ತು. ಅಣಕವಾಗಬಾರದು, ನಕಲೂ ಆಗಬಾರದು. ಹಳೆಯ ರೆಕಾರ್ಡುಗಳ ವಾದ್ಯಬಳಕೆ, ಉಚ್ಚಾರದ ಠೀವಿ, ತಾಳದ ಸರಳತೆ ಎಲ್ಲವನ್ನೂ ಭಾಟಿಯಾ ಪುನಃ ಕಟ್ಟಿದರು. ಗಾಯಕರ ಆಯ್ಕೆಯಲ್ಲೇ ಅರ್ಧ ಕೆಲಸ ಮುಗಿದಿತ್ತು. ಕಿರಾನಾ ಘರಾಣೆಯ ಅಬ್ದುಲ್ ಕರೀಂ ಖಾನರ ಮಗಳು ಸರಸ್ವತೀಬಾಯಿ ರಾಣೆ ತಮ್ಮ ಮೊಮ್ಮಗಳು ಮೀನಾ ಫಾತರ್ಪೇಕರ್ ಜೊತೆ ಹಾಡಿದರು. ಕುಂದಗೋಳದ ಸವಾಯಿ ಗಂಧರ್ವರ ಶಿಷ್ಯ, ಬಾಲನಟನಾಗಿ ಆರಂಭದ ಟಾಕಿ ಚಿತ್ರಗಳಲ್ಲಿ ಕಾಣಿಸಿಕೊಂಡಿದ್ದ ಫಿರೋಜ್ ದಸ್ತೂರ್ ಹಾಡಿದರು. ಧಾರವಾಡದ ಕಡೆಯ ಕೇಳುಗರಿಗೆ ಈ ಕಿರಾನಾ ದನಿಗಳು ಮನೆಯವೇ. ಆ ಕಾಲವನ್ನು ಕಂಡ ಕಂಠಗಳಿಂದಲೇ ಆ ಕಾಲವನ್ನು ಹಾಡಿಸಿದ್ದು ದೊಡ್ಡ ಉಪಾಯ. ಇದೇ ಚಿತ್ರದ ಚಿತ್ರಕಥೆಗೆ ಬೆನಗಲ್, ಸತ್ಯದೇವ ದುಬೆ ಅವರೊಡನೆ ಕಾರ್ನಾಡರೂ ರಾಷ್ಟ್ರಪ್ರಶಸ್ತಿ ಹಂಚಿಕೊಂಡರು.

1857ರ ದಂಗೆಯ ಹಿನ್ನೆಲೆಯ ‘ಜುನೂನ್’ (1978) ಚಿತ್ರದಲ್ಲಿ ಮಹಮ್ಮದ್ ರಫಿ ಹಾಡಿದರು. ಹೈದರಾಬಾದಿನ ವೇಶ್ಯಾಗೃಹವೊಂದರ ಕಥೆಯಾದ ‘ಮಂಡಿ’ಯಲ್ಲಿ (1983) ಉರ್ದುವಿನ ಹಳೆಯ ಕವಿಗಳ ಗಜಲುಗಳಿಗೆ ಆಶಾ ಭೋಸಲೆ ದನಿಯಾದರು. ಪೋರ್ಚುಗೀಸರು ಗೋವಾ ಬಿಡುವ ಹೊತ್ತಿನ ‘ತ್ರಿಕಾಲ್’ (1985) ಚಿತ್ರಕ್ಕೆ ರೆಮೋ ಫರ್ನಾಂಡಿಸ್ ಜೊತೆಗೂಡಿದರು. ‘ಸರ್ದಾರಿ ಬೇಗಂ’ (1996) ಠುಮ್ರಿ ಗಾಯಕಿಯೊಬ್ಬಳ ಕಥೆ. ಅದರ ಹಾಡುಗಳನ್ನು ಮುಖ್ಯವಾಗಿ ಹಾಡಿದವರು ವಿಜಯಪುರದಲ್ಲಿ ಹುಟ್ಟಿದ ಆರತಿ ಅಂಕಲೀಕರ್-ಟಿಕೇಕರ್. ಪಾಶ್ಚಾತ್ಯ ಸಂಗೀತ ಓದಿ ಬಂದವರೆಂದು ಮೂದಲಿಸುವವರಿಗೆ ಈ ಚಿತ್ರದ ಠುಮ್ರಿ, ದಾದ್ರಾಗಳನ್ನು ಕೇಳಿಸಬೇಕು. ಬೆನಗಲ್ ಅವರೊಂದಿಗಿನ ಈ ಸಖ್ಯ ಕಾಲು ಶತಮಾನ ನಡೆಯಿತು. 2001ರ ‘ಜುಬೇದಾ’ ಹೊತ್ತಿಗೆ ಬೆನಗಲ್ ಎ.ಆರ್. ರೆಹಮಾನ್ ಕಡೆಗೆ ಹೊರಳಿದರು.

ಬೇರೆ ನಿರ್ದೇಶಕರು

ಅಪರ್ಣಾ ಸೇನ್ ಅವರ ‘36 ಚೌರಂಗಿ ಲೇನ್’ (1981) ಕಲ್ಕತ್ತೆಯ ಒಂಟಿ ಆಂಗ್ಲೋ-ಇಂಡಿಯನ್ ಶಿಕ್ಷಕಿಯ ಕಥೆ. ಭಾಟಿಯಾ ಕಲಿತ ಸಂಗೀತಕ್ಕೂ ಕಥೆಯ ಲೋಕಕ್ಕೂ ನೇರವಾಗಿ ತಾಳೆಯಾದ ಅಪರೂಪದ ಚಿತ್ರವಿದು. ಇಲ್ಲಿ ಪಾಶ್ಚಾತ್ಯ ಸಂಗೀತ ಅಲಂಕಾರವಲ್ಲ, ಪಾತ್ರದ ಮಾತೃಭಾಷೆ. ಕುಂದನ್ ಷಾ ಅವರ ‘ಜಾನೇ ಭೀ ದೋ ಯಾರೋ’ (1983), ಸಯೀದ್ ಮಿರ್ಜಾ ಅವರ ‘ಮೋಹನ್ ಜೋಶಿ ಹಾಜಿರ್ ಹೋ’ (1984), ಕುಮಾರ್ ಶಹಾನಿಯವರ ‘ತರಂಗ್’ (1984), ವಿಜಯಾ ಮೆಹ್ತಾ ಅವರ ‘ಪೆಸ್ತನ್‌ಜೀ’ (1988) ಇವುಗಳ ಸಂಗೀತವೂ ಅವರದೇ. ಒಂದು ಪ್ರಹಸನ, ಒಂದು ಕೋರ್ಟಿನ ಕಥೆ, ಒಂದು ಕಾರ್ಮಿಕ-ಮಾಲೀಕ ಮಹಾಕಥನ, ಒಂದು ಪಾರ್ಸಿ ಮನೆತನದ ಕಥೆ. ಇಷ್ಟು ದೂರ ದೂರದ ಲೋಕಗಳಲ್ಲಿ ಓಡಾಡಿದವರಿಗೆ ‘ಭಾಟಿಯಾ ಶೈಲಿ’ ಎಂಬ ಗುರುತು ಬೀಳಲಿಲ್ಲ. ಅದು ಅವರ ಶಕ್ತಿಯೂ ಹೌದು, ಹೆಸರು ಹಬ್ಬದಿರಲು ಕಾರಣವೂ ಹೌದು.

ತೊಂಬತ್ತರ ದಶಕದಲ್ಲಿ ‘ಅಜೂಬಾ’, ‘ಬೇಟಾ’, ‘ದಾಮಿನಿ’, ‘ಘಾತಕ್’, ‘ಪರದೇಸ್’ ಮುಂತಾದ ವ್ಯಾಪಾರಿ ಚಿತ್ರಗಳಿಗೆ ಹಿನ್ನೆಲೆ ಸಂಗೀತ ಮಾಡಿದರು. ಹಾಡು ಒಬ್ಬರದು, ಹಿನ್ನೆಲೆ ಇನ್ನೊಬ್ಬರದು ಎಂಬುದು ಬಾಲಿವುಡ್ಡಿನ ಹಳೆಯ ಏರ್ಪಾಟು. ಹಾಡಿನ ಕ್ಯಾಸೆಟ್ ಮಾರಾಟವಾಗುತ್ತಿತ್ತು, ಹಿನ್ನೆಲೆ ಸಂಗೀತವನ್ನು ಯಾರೂ ಕೊಳ್ಳುತ್ತಿರಲಿಲ್ಲ. ಈ ಚಿತ್ರಗಳ ಬಗ್ಗೆ ಹೆಚ್ಚು ಹೇಳಲು ಏನಿಲ್ಲ.

ದೂರದರ್ಶನ

1982ರ ಏಷ್ಯಾಡ್ ಹೊತ್ತಿಗೆ ಬಣ್ಣದ ಟಿ.ವಿ., 1984ರಲ್ಲಿ ‘ಹಮ್ ಲೋಗ್’, ಆಮೇಲೆ ಧಾರಾವಾಹಿಗಳ ಸುಗ್ಗಿ. ಭಾಟಿಯಾ ಈ ಸುಗ್ಗಿಯ ಆರಂಭದಲ್ಲೇ ‘ಖಾನ್‌ದಾನ್’ (1985), ಕನ್ಯಾಕುಮಾರಿಯಿಂದ ಜಮ್ಮುವಿನವರೆಗಿನ ರೈಲು ಪ್ರಯಾಣವನ್ನೇ ಕಥೆಯಾಗಿಸಿಕೊಂಡ ಬೆನಗಲ್ ಅವರ ‘ಯಾತ್ರಾ’ (1986) ಮುಂತಾದವುಗಳಿಗೆ ಸಂಗೀತ ಕೊಟ್ಟರು.

ಟಿ.ವಿ. ಸಂಗೀತದ ಷರತ್ತುಗಳು ಸಿನಿಮಾದವಲ್ಲ. ಚಿತ್ರಮಂದಿರದಲ್ಲಿ ಪ್ರೇಕ್ಷಕ ಕತ್ತಲಲ್ಲಿ ಕಟ್ಟಿಹಾಕಿಕೊಂಡು ಕೂತಿರುತ್ತಾನೆ. ಮನೆಯಲ್ಲಿ ಅಡುಗೆಮನೆ, ಬಾವಿಕಟ್ಟೆ, ಜಗಲಿಯಲ್ಲಿ ಚೆದುರಿದವರನ್ನು ಪೆಟ್ಟಿಗೆಯ ಮುಂದೆ ಕರೆತರುವ ಕೆಲಸ ಶೀರ್ಷಿಕೆ ಸಂಗೀತದ್ದು. ಸಣ್ಣ ಸ್ಪೀಕರಿನಲ್ಲಿ ಮಂದ್ರದ ನಾದ ಕೇಳಿಸುವುದಿಲ್ಲ. ಸೂಕ್ಷ್ಮ ವಾದ್ಯಬಳಕೆ ಕಲಸಿಹೋಗುತ್ತದೆ. ಅದೇ ತುಣುಕು ವಾರವಾರವೂ ಬರುವುದರಿಂದ ಬೇಸರವೂ ಹುಟ್ಟಿಸಬಾರದು. ಆಗುಂಬೆಯಲ್ಲಿ ಚಿತ್ರೀಕರಿಸಿದ ಶಂಕರ್ ನಾಗ್ ಅವರ ‘ಮಾಲ್ಗುಡಿ ಡೇಸ್’ಗೆ ಎಲ್. ವೈದ್ಯನಾಥನ್ ಕೊಟ್ಟ ಶೀರ್ಷಿಕೆ ಸಂಗೀತ ಇದೇ ವರ್ಷಗಳದ್ದು, ಇದೇ ಪರೀಕ್ಷೆಯಲ್ಲಿ ಪೂರ್ಣಾಂಕ ಪಡೆದದ್ದು. ಜಿಂಗಲ್ ಬರೆದು ಪಳಗಿದ ಭಾಟಿಯಾ ಅವರಿಗೂ ಈ ಷರತ್ತುಗಳು ಹೊಸತಾಗಿರಲಿಲ್ಲ.

1988ರ ಆರಂಭದಲ್ಲಿ ‘ತಮಸ್’ ಪ್ರಸಾರವಾಯಿತು. ಭೀಷ್ಮ ಸಾಹ್ನಿಯವರ ಕಾದಂಬರಿ ಆಧರಿಸಿದ, ದೇಶವಿಭಜನೆಯ ಹೊಸ್ತಿಲಿನ ಪಂಜಾಬಿನ ಕಥೆ. ಪ್ರಸಾರ ನಿಲ್ಲಿಸಬೇಕೆಂದು ಕೆಲವರು ನ್ಯಾಯಾಲಯಕ್ಕೆ ಹೋದರು. ಸುಪ್ರೀಂ ಕೋರ್ಟ್ ಅದಕ್ಕೆ ಒಪ್ಪಲಿಲ್ಲ. ಶೀರ್ಷಿಕೆಯೊಂದಿಗೆ ಏಳುವ ಆರ್ತನಾದ ಆ ಧಾರಾವಾಹಿಯನ್ನು ನೋಡಿದ ಯಾರಿಗೂ ಮರೆತಿಲ್ಲ. ಅದನ್ನು ಹಾಡೆನ್ನಲಾಗದು, ಆಲಾಪವೆನ್ನಲಾಗದು. ದೇವರ ಹೆಸರು ಹಿಡಿದು ಕೂಗುವ ದನಿ. ಗಲಭೆಯ ದೃಶ್ಯಗಳಲ್ಲಿ ಸಂಗೀತ ಅಬ್ಬರಿಸುವುದಿಲ್ಲ, ಕಣ್ಣೀರಿಗೆ ಕುಮ್ಮಕ್ಕು ಕೊಡುವುದಿಲ್ಲ. ಎಲ್ಲರ ಪರವಾಗಿ ಒಬ್ಬರು ಮೊದಲೇ ಅತ್ತಾಗಿದೆ, ಇನ್ನು ನೋಡಿ ಎಂಬಂತೆ ಅದು ಹಿಂದೆ ನಿಲ್ಲುತ್ತದೆ. ಟಿ.ವಿ.ಗೆಂದು ತಯಾರಾದ ಕೃತಿಯೊಂದರ ಸಂಗೀತಕ್ಕೆ ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿ ಬಂದದ್ದು ವಿಶೇಷ.

ಅದೇ ವರ್ಷದ ನವೆಂಬರಿನಲ್ಲಿ ‘ಭಾರತ್ ಏಕ್ ಖೋಜ್’ ಆರಂಭವಾಯಿತು. ನೆಹರೂ ಅಹ್ಮದ್‌ನಗರ ಕೋಟೆಯ ಸೆರೆಯಲ್ಲಿ ಬರೆದ ಪುಸ್ತಕವನ್ನು ಬೆನಗಲ್ ಐವತ್ಮೂರು ಕಂತುಗಳಲ್ಲಿ ತೆರೆಗೆ ತಂದರು. ನೆಹರೂ ಆಗಿ ರೋಷನ್ ಸೇಠ್, ಕಥನದ ದನಿಯಾಗಿ ಓಂ ಪುರಿ. ಸಿಂಧೂ ಬಯಲಿನಿಂದ ಸ್ವಾತಂತ್ರ್ಯದವರೆಗಿನ ಹಾದಿಯಲ್ಲಿ ಚೋಳರು, ವಿಜಯನಗರದ ಪತನ, ಟಿಪ್ಪು ಸುಲ್ತಾನ ಎಲ್ಲವೂ ಬರುತ್ತವೆ. ಸಂಗೀತಗಾರನಿಗೆ ಇದು ಒಂದೇ ಧಾರಾವಾಹಿಯಲ್ಲ, ಹತ್ತಾರು ಚಿತ್ರಗಳ ಕೆಲಸ. ಪ್ರತಿ ಕಂತಿಗೂ ಬೇರೆ ಕಾಲ, ಬೇರೆ ಸೀಮೆ, ಬೇರೆ ಭಕ್ತಿ.

ಎಲ್ಲಕ್ಕಿಂತ ಹೆಚ್ಚು ಉಳಿದದ್ದು ಆರಂಭ ಮತ್ತು ಅಂತ್ಯದ ಸಂಗೀತ. ಆರಂಭಕ್ಕೆ ಋಗ್ವೇದದ ಹತ್ತನೆಯ ಮಂಡಲದ ನಾಸದೀಯ ಸೂಕ್ತ, ಅಂತ್ಯಕ್ಕೆ ಅದೇ ಮಂಡಲದ ಹಿರಣ್ಯಗರ್ಭ ಸೂಕ್ತ. ಸಂಸ್ಕೃತದ ಜೊತೆಗೆ ವಸಂತ ದೇವ್ ಅವರ ಹಿಂದಿ ಅನುವಾದ. ವೇದಘೋಷವೆಂದರೆ ಉದಾತ್ತ, ಅನುದಾತ್ತ, ಸ್ವರಿತಗಳ ಮೂರು ನೆಲೆಗಳಲ್ಲಿ ನಡೆಯುವ ಪಠಣ. ಅದಕ್ಕೆ ಹಾರ್ಮನಿ ಇಲ್ಲ. ಭಾಟಿಯಾ ಆ ಘೋಷದ ಗಾಂಭೀರ್ಯವನ್ನು ಉಳಿಸಿಕೊಂಡು, ಅದನ್ನು ಬಹುಕಂಠದ ಮೇಳಕ್ಕೆ ಏರಿಸಿದರು. ಒಗ್ಗಟ್ಟಿನ ಒಂದೇ ಸ್ವರದಿಂದ ಹೊರಟ ದನಿಗಳು ಕವಲೊಡೆದು ಮತ್ತೆ ಕೂಡುತ್ತವೆ. ಬಾಯಿ ತಪ್ಪದ ವೈದಿಕರ ಕಿವಿಗೆ ಇದು ಅಪಚಾರವೆನಿಸಿರಬಹುದು. ಆದರೆ ಬೂಲಾಂಜೆ ಕಲಿಸಿದ ಕೋರಲ್ ಬರವಣಿಗೆ ತ್ರಿಷ್ಟುಪ್ ಛಂದಸ್ಸಿನ ಹನ್ನೊಂದು ಅಕ್ಷರಗಳ ಮೇಲೆ ಇಷ್ಟು ಸಹಜವಾಗಿ ಕೂತದ್ದು ಅದಕ್ಕೆ ಮೊದಲು ಆಗಿರಲಿಲ್ಲ.

ಸೂಕ್ತಗಳ ಆಯ್ಕೆಯನ್ನೂ ಗಮನಿಸಬೇಕು. ನಾಸದೀಯ ಸೂಕ್ತ ಸೃಷ್ಟಿಯ ಬಗ್ಗೆ ಕೇಳುತ್ತ ಹೋಗಿ, ಮೇಲಿನಿಂದ ನೋಡುತ್ತಿರುವವನಿಗಾದರೂ ಗೊತ್ತೋ ಇಲ್ಲವೋ ಎಂಬ ಅನುಮಾನದಲ್ಲಿ ನಿಲ್ಲುತ್ತದೆ. ಹಿರಣ್ಯಗರ್ಭ ಸೂಕ್ತದ ಪಲ್ಲವಿಯೂ ಯಾವ ದೇವರಿಗೆ ಹವಿಸ್ಸು ಕೊಡೋಣ ಎಂಬ ಪ್ರಶ್ನೆಯೇ. ಅದೇ ದಿನಗಳಲ್ಲಿ ರವೀಂದ್ರ ಜೈನ್ ಸಂಗೀತದ ‘ರಾಮಾಯಣ’ ಮುಗಿದು, ರಾಜ್‌ಕಮಲ್ ಸಂಗೀತದ ‘ಮಹಾಭಾರತ’ ಶುರುವಾಗಿತ್ತು. ಅವೆರಡರ ಶೀರ್ಷಿಕೆಗಳು ನಂಬಿಕೆಯಿಂದ ಕೈಮುಗಿಸುತ್ತಿದ್ದವು. ಭಾಟಿಯಾ ಅವರದು ಪ್ರಶ್ನೆಯನ್ನೇ ಗರ್ಭಗುಡಿಯ ಗಾಂಭೀರ್ಯದಲ್ಲಿ ಹಾಡಿಸಿತು. ಅರ್ಥ ತಿಳಿಯದ ಮಕ್ಕಳೂ ಆ ಸಂಸ್ಕೃತವನ್ನು ಬಾಯಿಪಾಠ ಮಾಡಿಕೊಂಡರು. ಒಂದು ಕಂಪನಿಯ ಹೆಸರನ್ನು ಅರ್ಧ ನಿಮಿಷದಲ್ಲಿ ನೆನಪಿಗೆ ನೆಡುವ ಕೈಚಳಕವೂ ಫ್ಯೂಗ್ ಕಲಿತ ಪಾಂಡಿತ್ಯವೂ ಅವರ ವೃತ್ತಿಯಲ್ಲಿ ಪೂರ್ತಿ ಒಂದಾದದ್ದು ಈ ಶೀರ್ಷಿಕೆಯಲ್ಲಿ.

ಕನ್ನಡದ ಹೊಸ ಅಲೆ ಮತ್ತು ಕಾರ್ನಾಡರ ನಾಟಕ

ಕನ್ನಡದ ಹೊಸ ಅಲೆ ಇದೇ ಕಾಲದಲ್ಲಿ ಬೇರೆ ದಾರಿ ಹಿಡಿದಿತ್ತು. ‘ಸಂಸ್ಕಾರ’ಕ್ಕೆ (1970) ಸಂಗೀತ ಕೊಟ್ಟವರು ಸರೋದ್ ವಾದಕ ರಾಜೀವ ತಾರಾನಾಥ್. ‘ಋಷ್ಯಶೃಂಗ’, ‘ಘಟಶ್ರಾದ್ಧ’ಗಳಿಗಾಗಿ ಎರಡು ವರ್ಷ ಬೆನ್ನುಬೆನ್ನಿಗೆ ರಾಷ್ಟ್ರಪ್ರಶಸ್ತಿ ಪಡೆದ ಬಿ.ವಿ. ಕಾರಂತರು ರಂಗಭೂಮಿಯವರು, ಮುಟ್ಟಿದ್ದನ್ನೆಲ್ಲ ವಾದ್ಯವಾಗಿಸಬಲ್ಲವರು. ನಮ್ಮಲ್ಲಿ ಹೊಸ ಸಿನಿಮಾದ ಸಂಗೀತ ಬೈಠಕ್ಕಿನಿಂದ, ರಂಗಸಜ್ಜಿಕೆಯಿಂದ ಬಂದರೆ, ಮುಂಬೈಯಲ್ಲಿ ಅದು ಪ್ಯಾರಿಸ್ಸಿನ ಪಾಠದ ಕೋಣೆಯಿಂದ ಜಾಹೀರಾತಿನ ಸ್ಟುಡಿಯೋ ಹಾದು ಬಂತು. ಕಾರಂತರ ಸಂಗೀತದಲ್ಲಿ ಅನಿರೀಕ್ಷಿತದ ಸುಖ ಹೆಚ್ಚು, ಭಾಟಿಯಾ ಅವರದರಲ್ಲಿ ಕಟ್ಟಡದ ಸುಖ.

ಕಾರ್ನಾಡರೊಂದಿಗೆ ಭಾಟಿಯಾ ಅವರ ನಂಟು ಬೆನಗಲ್ ಅವರ ‘ನಿಶಾಂತ್’, ‘ಮಂಥನ್’ಗಳಲ್ಲಿ ನಟ, ‘ಭೂಮಿಕಾ’, ‘ಕಲಿಯುಗ್’ಗಳಲ್ಲಿ ಚಿತ್ರಕಥೆಗಾರ ಎಂಬಲ್ಲಿಗೆ ನಿಲ್ಲಲಿಲ್ಲ. ಕಾರ್ನಾಡರ ‘ಅಗ್ನಿ ಮತ್ತು ಮಳೆ’ ನಾಟಕವನ್ನು ಆಧರಿಸಿ ಭಾಟಿಯಾ ‘ಅಗ್ನಿ ವರ್ಷ’ ಎಂಬ ಇಂಗ್ಲಿಷ್ ಆಪೆರಾ ಬರೆದರು. ಮಹಾಭಾರತದ ವನಪರ್ವದ ಯವಕ್ರೀತನ ಕಥೆ ಅದರ ಮೂಲ. ಯಜ್ಞ, ಬರಗಾಲ, ಅಣ್ಣತಮ್ಮಂದಿರ ಮತ್ಸರ, ನಾಟಕದೊಳಗೊಂದು ನಾಟಕ ಇವೆಲ್ಲ ಆಪೆರಾಕ್ಕೆ ಹೇಳಿ ಮಾಡಿಸಿದಂತಿವೆ. ಅದರ ಭಾಗಗಳು 2012ರಲ್ಲಿ ನ್ಯೂಯಾರ್ಕಿನಲ್ಲಿ ಪ್ರದರ್ಶನಗೊಂಡವು. ಧಾರವಾಡದ ಮಣ್ಣಿನ ನಾಟಕಕಾರನ ಕನ್ನಡ ಕೃತಿ ಅಲ್ಲಿಯವರೆಗೆ ಹೋದದ್ದು ಇಲ್ಲಿ ಹೆಚ್ಚು ಸುದ್ದಿಯಾಗಲಿಲ್ಲ.

ವೇದಿಕೆಯ ಕೃತಿಗಳು, ಕೊನೆಯ ವರ್ಷಗಳು

ಪಿಯಾನೋಗಾಗಿ ಬರೆದ ‘ಫ್ಯಾಂಟೇಸಿಯಾ ಅಂಡ್ ಫ್ಯೂಗ್ ಇನ್ ಸಿ’, ತಂತಿವಾದ್ಯಗಳ ‘ಸಿನ್‌ಫೋನಿಯಾ ಕಾಂಚೆರ್ಟಾಂಟೆ’ ಅವರ ಕಛೇರಿ ಕೃತಿಗಳಲ್ಲಿ ಹೆಸರಾದವು. 1970ರ ಒಸಾಕಾ ವಿಶ್ವಮೇಳದ ಭಾರತ ಮಂಟಪಕ್ಕೂ ಸಂಗೀತ ಒದಗಿಸಿದ್ದರು. ಮ್ಯೂಸಿಕ್ ಟುಡೇ ಹೊರತಂದ ಪಂಚಭೂತಗಳ ಮಾಲಿಕೆಯಲ್ಲಿ ಪೃಥ್ವಿಯ ಧ್ವನಿಮುದ್ರಿಕೆ ಅವರದು. ‘ರೆವರೀ’ ಎಂಬ ರಚನೆಯನ್ನು ವಿಶ್ವವಿಖ್ಯಾತ ಸೆಲ್ಲೋ ವಾದಕ ಯೋ-ಯೋ ಮಾ 2019ರ ಜನವರಿಯಲ್ಲಿ ಮುಂಬೈಯಲ್ಲಿ ನುಡಿಸಿದರು. ಆಗ ಭಾಟಿಯಾ ಅವರಿಗೆ 91.

ಅದೇ ವರ್ಷ ಪತ್ರಿಕೆಗಳಲ್ಲಿ ಬಂದ ಇನ್ನೊಂದು ಸುದ್ದಿ, ನೇಪಿಯನ್ ಸೀ ರಸ್ತೆಯ ಮನೆಯಲ್ಲಿ ಅವರು ಕಾಯಿಲೆ ಮತ್ತು ಹಣದ ಅಡಚಣೆಯಲ್ಲಿದ್ದಾರೆ ಎಂಬುದು. ಸಂಗೀತಗಾರರ ಹಕ್ಕುಗಳ ಸಂಸ್ಥೆ ಐ.ಪಿ.ಆರ್.ಎಸ್. ಮತ್ತು ಅಭಿಮಾನಿಗಳು ನೆರವಿಗೆ ಬಂದರು. ಸಾವಿರಾರು ಜಿಂಗಲ್‌ಗಳನ್ನು, ನೂರಾರು ಕಂತುಗಳ ಸಂಗೀತವನ್ನು ಬರೆದವರಿಗೆ ಹೀಗೇಕಾಯಿತೆಂದು ಜನ ಆಶ್ಚರ್ಯಪಟ್ಟರು. ಅದರ ಉತ್ತರ ಕಸುಬಿನ ಲೆಕ್ಕಾಚಾರದಲ್ಲೇ ಇದೆ. ಜಾಹೀರಾತಿಗೂ ಹಿನ್ನೆಲೆ ಸಂಗೀತಕ್ಕೂ ಕೊಡುತ್ತಿದ್ದದ್ದು ಒಂದೇ ಸಲದ ಸಂಭಾವನೆ. ಧಾಟಿ ಎಷ್ಟು ವರ್ಷ ಸರಕು ಮಾರಿದರೂ, ಧಾರಾವಾಹಿ ಎಷ್ಟು ಸಲ ಮರುಪ್ರಸಾರವಾದರೂ ಮತ್ತೆ ಕಾಸು ಬರುತ್ತಿರಲಿಲ್ಲ. ಸಿನಿಮಾಕ್ಕೆ ಬರೆದ ಕವಿ ಮತ್ತು ಸಂಗೀತಗಾರರು ರಾಯಧನದ ಹಕ್ಕನ್ನು ನಿರ್ಮಾಪಕರಿಗೆ ಬಿಟ್ಟುಕೊಡಲಾಗದಂತೆ ಕೃತಿಸ್ವಾಮ್ಯ ಕಾಯಿದೆಗೆ ತಿದ್ದುಪಡಿಯಾದದ್ದು 2012ರಲ್ಲಿ. ಭಾಟಿಯಾ ಅವರ ದುಡಿಮೆಯ ಬಹುಪಾಲು ಆ ಹೊತ್ತಿಗೆ ಮುಗಿದು ಒಂದು ದಶಕವೇ ಆಗಿತ್ತು.